ಮೇಜಿಲ್ಲದ ಟೇಬಲ್ ಟೆನಿಸ್

ವರ್ಚುವಲ್ ರಿಯಾಲಿಟಿಯಲ್ಲಿ, ಅಂದರೆ ಮಿಥ್ಯಾವಾಸ್ತವದಲ್ಲಿ ಆಡುವ ಟೇಬಲ್ ಟೆನಿಸ್‌ಗೆ ಮೇಜು, ಬಲೆ, ಬ್ಯಾಟು, ಚೆಂಡು ಯಾವುದೂ ಬೇಕಿಲ್ಲ. ತಲೆಗೆ ಕಟ್ಟಿಕೊಳ್ಳುವ ಹೆಡ್‌ಸೆಟ್, ಎರಡು ಕೈಗೆ ಎರಡು ಕಂಟ್ರೋಲರ್, ಉದ್ದಗಲಕ್ಕೆ ಎರಡೆರಡು ಮೀಟರ್ ಖಾಲಿ ಜಾಗ ಇದ್ದರೆ ಆಟ ಶುರುವಾಗುತ್ತದೆ. ಹೆಡ್‌ಸೆಟ್ ಹಾಕಿಕೊಂಡವರ ಕಣ್ಣಿಗೆ ಎದುರಿನಲ್ಲಿ ಪೂರ್ಣ ಅಳತೆಯ ಮೇಜು ಕಾಣುತ್ತದೆ. ಕೈಯಲ್ಲಿರುವ ಕಂಟ್ರೋಲರ್ ಬ್ಯಾಟಾಗಿ ಕಾಣುತ್ತದೆ. ಮೇಜಿನ ಆಚೆ ತುದಿಯಲ್ಲಿ ಕಂಪ್ಯೂಟರ್ ನಡೆಸುವ ಎದುರಾಳಿಯೋ, ಬೇರೆ ಊರಿನಲ್ಲಿ ಇಂಥದೇ ಹೆಡ್‌ಸೆಟ್ ಹಾಕಿಕೊಂಡ ಇನ್ನೊಬ್ಬ ಆಟಗಾರನೋ ನಿಂತಿರುತ್ತಾನೆ. ಮೇಜು ಸುಳ್ಳು, ಚೆಂಡು ಸುಳ್ಳು. ಆದರೆ ಬೀಸುವ ತೋಳು, ತಿರುಗುವ ಸೊಂಟ, ಏರುವ ಹೃದಯಬಡಿತ, ಹಣೆಯ ಬೆವರು ಎಲ್ಲ ನಿಜ.

ರ‍್ಯಾಕೆಟ್ ಆಟಗಳ ಪೈಕಿ ಮಿಥ್ಯಾವಾಸ್ತವಕ್ಕೆ ಟೇಬಲ್ ಟೆನಿಸ್ ಎಲ್ಲಕ್ಕಿಂತ ಚೆನ್ನಾಗಿ ಒಗ್ಗಿರುವುದಕ್ಕೆ ಮೊದಲ ಕಾರಣ ಜಾಗದ ಲೆಕ್ಕ. ಸಿಂಗಲ್ಸ್ ಟೆನಿಸ್ ಅಂಕಣದ ಉದ್ದ 23.77 ಮೀಟರ್, ಅಗಲ 8.23 ಮೀಟರ್. ಬ್ಯಾಡ್ಮಿಂಟನ್ ಅಂಕಣ 13.4 ಮೀಟರ್ ಉದ್ದ, 6.1 ಮೀಟರ್ ಅಗಲ. ಮನೆಯ ಹಾಲ್‌ನಲ್ಲಿ ಅಷ್ಟು ದೂರ ಓಡಾಡಲಾಗದು. ಆದ್ದರಿಂದ ಅಂಥ ಆಟಗಳನ್ನು ಮಿಥ್ಯಾವಾಸ್ತವಕ್ಕೆ ತರುವಾಗ ಅಂಕಣವನ್ನು ಕುಗ್ಗಿಸಬೇಕು, ಇಲ್ಲವೇ ಆಟಗಾರ ನಿಂತಲ್ಲೇ ಇದ್ದು ಗುಂಡಿ ಒತ್ತಿ ಮುಂದೆ ಸರಿಯುವಂತೆ ಮಾಡಬೇಕು. ಟೇಬಲ್ ಟೆನಿಸ್ ಮೇಜಿನ ಉದ್ದ 2.74 ಮೀಟರ್, ಅಗಲ 1.525 ಮೀಟರ್. ಮೇಜಿನ ಹತ್ತಿರ ನಿಂತು ಆಡುವವರಿಗೆ ಹೆಚ್ಚಿನ ಹೊಡೆತಗಳು ಒಂದೆರಡು ಹೆಜ್ಜೆಯೊಳಗೇ ಸಿಗುತ್ತವೆ. ಕೋಣೆಯಲ್ಲಿ ಇಟ್ಟ ಹೆಜ್ಜೆಯೂ ಆಟದೊಳಗಿನ ಹೆಜ್ಜೆಯೂ ಒಂದೇ ಅಳತೆಯಾಗಿ ಉಳಿಯುತ್ತವೆ.

ಆಸಿಲೋಸ್ಕೋಪ್‌ನಿಂದ ಹೆಡ್‌ಸೆಟ್‌ವರೆಗೆ

ಚೆಂಡನ್ನು ಪರದೆಯ ಮೇಲೆ ಆಚೆಗೂ ಈಚೆಗೂ ಹೊಡೆಯುವ ಆಟ ವಿಡಿಯೊ ಗೇಮ್‌ಗಳ ಚರಿತ್ರೆಯ ಆರಂಭದಲ್ಲೇ ಇದೆ. 1958ರಲ್ಲಿ ಅಮೆರಿಕದ ಬ್ರೂಕ್‌ಹೇವನ್ ರಾಷ್ಟ್ರೀಯ ಪ್ರಯೋಗಾಲಯದ ಭೌತವಿಜ್ಞಾನಿ ವಿಲಿಯಂ ಹಿಗಿನ್‌ಬಾಥಮ್, ಪ್ರಯೋಗಾಲಯ ನೋಡಲು ಬರುವ ಸಾರ್ವಜನಿಕರಿಗಾಗಿ ‘ಟೆನಿಸ್ ಫಾರ್ ಟೂ’ ಎಂಬ ಆಟವನ್ನು ಕಟ್ಟಿದರು. ಅನಲಾಗ್ ಕಂಪ್ಯೂಟರ್ ಚೆಂಡಿನ ಪಥವನ್ನು ಲೆಕ್ಕ ಹಾಕುತ್ತಿತ್ತು, ಆಸಿಲೋಸ್ಕೋಪ್‌ನ ಪುಟ್ಟ ಪರದೆಯ ಮೇಲೆ ಬೆಳಕಿನ ಚುಕ್ಕೆಯೊಂದು ಬಲೆ ದಾಟಿ ಹಾರುತ್ತಿತ್ತು. 1972ರಲ್ಲಿ ರಾಲ್ಫ್ ಬೇರ್ ರೂಪಿಸಿದ ‘ಮ್ಯಾಗ್ನವಾಕ್ಸ್ ಒಡಿಸ್ಸಿ’ ಟೇಬಲ್ ಟೆನಿಸನ್ನು ಮನೆಯ ಟಿ.ವಿ.ಗೆ ತಂದಿತು. ಅದೇ ವರ್ಷ ಅಟಾರಿ ಕಂಪನಿಯ ‘ಪಾಂಗ್’ ಜನಪ್ರಿಯವಾಯಿತು. ಈ ಆಟಗಳಲ್ಲೆಲ್ಲ ಆಟಗಾರನ ಕೆಲಸ ಗುಂಡಿ ಒತ್ತುವುದು, ತಿರುಗಣೆ ತಿರುಗಿಸುವುದು ಅಷ್ಟೇ ಆಗಿತ್ತು.

2006ರಲ್ಲಿ ಬಂದ ನಿಂಟೆಂಡೊ ವೀ ಆಟಗಾರರನ್ನು ಕುರ್ಚಿಯಿಂದ ಎಬ್ಬಿಸಿತು. ಅದರ ರಿಮೋಟ್‌ನೊಳಗಿದ್ದ ವೇಗೋತ್ಕರ್ಷ ಸಂವೇದಕ ಕೈ ಬೀಸಿದ್ದನ್ನು ಗುರುತಿಸುತ್ತಿತ್ತು. ಆದರೆ ಕೈ ಎಲ್ಲಿದೆ ಎಂಬುದು ಅದಕ್ಕೆ ತಿಳಿಯುತ್ತಿರಲಿಲ್ಲ. ಪರದೆಯ ಮೇಲಿನ ಟೆನಿಸ್ ಆಟಗಾರ ಚೆಂಡಿನ ಬಳಿಗೆ ತಾನಾಗಿಯೇ ಓಡುತ್ತಿದ್ದ. ಸರಿಯಾದ ಹೊತ್ತಿಗೆ ಮಣಿಕಟ್ಟನ್ನು ಅಲುಗಿಸಿದರೂ ಹೊಡೆತ ಬೀಳುತ್ತಿತ್ತು. ತೋಳನ್ನೇ ಬೀಸಬೇಕೆಂಬ ಒತ್ತಾಯ ಆಟದಲ್ಲಿ ಇರಲಿಲ್ಲ.

ತಲೆಗೆ ಧರಿಸುವ ಪರದೆಯ ಕಥೆ ಇದಕ್ಕೆ ಸಮಾನಾಂತರವಾಗಿ ಸಾಗಿತು. 1968ರಲ್ಲಿ ಐವಾನ್ ಸದರ್‌ಲ್ಯಾಂಡ್ ತಲೆ ತಿರುಗಿದಂತೆ ಚಿತ್ರವೂ ಬದಲಾಗುವ ಮೊದಲ ಸಾಧನವನ್ನು ತೋರಿಸಿದರು. ಅದು ಎಷ್ಟು ಭಾರವಿತ್ತೆಂದರೆ ಚಾವಣಿಯಿಂದ ತೂಗುಹಾಕಬೇಕಾಗಿತ್ತು. ಮೊಬೈಲ್ ಫೋನ್‌ಗಳಿಂದಾಗಿ ಚಿಕ್ಕ ಪರದೆ, ಚಲನ ಸಂವೇದಕಗಳು ಅಗ್ಗವಾದ ಮೇಲೆ ಈ ಕ್ಷೇತ್ರ ಮತ್ತೆ ಚಿಗುರಿತು. ಪಾಮರ್ ಲಕಿಯ ಆಕ್ಯುಲಸ್ ರಿಫ್ಟ್ 2012ರಲ್ಲಿ ಸಾರ್ವಜನಿಕರಿಂದ ಹಣ ಕೂಡಿಸಿ, 2016ರಲ್ಲಿ ಮಾರುಕಟ್ಟೆಗೆ ಬಂತು. ಅದೇ ವರ್ಷ ಎಚ್‌ಟಿಸಿ ವೈವ್ ಕೂಡ ಬಂತು. ಎರಡಕ್ಕೂ ಪಕ್ಕದಲ್ಲೊಂದು ಶಕ್ತಿಶಾಲಿ ಕಂಪ್ಯೂಟರ್, ಅದಕ್ಕೆ ಜೋಡಿಸುವ ತಂತಿ ಬೇಕಿತ್ತು. 2019ರ ಆಕ್ಯುಲಸ್ ಕ್ವೆಸ್ಟ್ ಕಂಪ್ಯೂಟರನ್ನೂ ತಂತಿಯನ್ನೂ ತೆಗೆದುಹಾಕಿತು. ತಿರುಗಿ ಹೊಡೆಯುವಾಗ ಕಾಲಿಗೆ ತೊಡರುವ ತಂತಿ ಹೋದದ್ದು ಆಟೋಟದ ಮಟ್ಟಿಗೆ ದೊಡ್ಡ ಬಿಡುಗಡೆ. ಫಾರ್ ಫನ್ ಲ್ಯಾಬ್ಸ್ ಸಂಸ್ಥೆಯ ‘ಇಲೆವೆನ್ ಟೇಬಲ್ ಟೆನಿಸ್’ 2016ರಲ್ಲಿ ಕಂಪ್ಯೂಟರ್ ಆಧಾರಿತ ಹೆಡ್‌ಸೆಟ್‌ಗಳಿಗೆ ಬಂದು, ಆಮೇಲೆ ಕ್ವೆಸ್ಟ್‌ನಲ್ಲಿ ನೆಲೆಯೂರಿತು. ಸ್ವೀಡನ್ನಿನ ರೆಸೊಲ್ಯೂಷನ್ ಗೇಮ್ಸ್ 2023ರಲ್ಲಿ ತಂದ ‘ರ‍್ಯಾಕೆಟ್ ಕ್ಲಬ್’ ಇನ್ನೊಂದು ದಾರಿ ಹಿಡಿಯಿತು. ಇರುವ ಆಟವನ್ನು ನಕಲು ಮಾಡುವ ಬದಲು, ಹೆಡ್‌ಸೆಟ್‌ನಲ್ಲಿ ಆಡುವುದಕ್ಕೆಂದೇ ಹೊಸದೊಂದು ರ‍್ಯಾಕೆಟ್ ಆಟವನ್ನು ಅದು ಕಟ್ಟಿತು.

ಕಣ್ಣು ಒಪ್ಪುವುದು ಹೇಗೆ

ಹಾರಿ ಬರುವ ಚೆಂಡನ್ನು ಹೊಡೆಯಬೇಕಾದರೆ ಅದು ಎಷ್ಟು ದೂರದಲ್ಲಿದೆ ಎಂದು ಕಣ್ಣಿಗೆ ತಿಳಿಯಬೇಕು. ವಯಸ್ಕರ ಎರಡು ಕಣ್ಣುಪಾಪೆಗಳ ನಡುವೆ ಸರಾಸರಿ 63 ಮಿಲಿಮೀಟರ್ ಅಂತರವಿರುತ್ತದೆ. ಹಾಗಾಗಿ ಎಡಗಣ್ಣು ಮತ್ತು ಬಲಗಣ್ಣು ಒಂದೇ ವಸ್ತುವನ್ನು ಸ್ವಲ್ಪ ಬೇರೆ ಕೋನದಿಂದ ನೋಡುತ್ತವೆ. ಆ ವ್ಯತ್ಯಾಸದಿಂದ ಮಿದುಳು ಆಳವನ್ನು ಅಳೆಯುತ್ತದೆ ಎಂಬುದನ್ನು 1838ರಲ್ಲಿ ಚಾರ್ಲ್ಸ್ ವೀಟ್‌ಸ್ಟೋನ್ ತನ್ನ ಸ್ಟೀರಿಯೋಸ್ಕೋಪ್ ಮೂಲಕ ತೋರಿಸಿಕೊಟ್ಟಿದ್ದ. ಹೆಡ್‌ಸೆಟ್ ಮಾಡುವುದೂ ಅದನ್ನೇ. ಒಂದೊಂದು ಕಣ್ಣಿಗೂ ಬೇರೆ ಬೇರೆ ಚಿತ್ರ ರಚಿಸಿ, ಮಸೂರದ ಮೂಲಕ ತೋರಿಸುತ್ತದೆ. ಮಸೂರಗಳ ಅಂತರವನ್ನು ಧರಿಸಿದವರ ಕಣ್ಣಿನ ಅಂತರಕ್ಕೆ ಹೊಂದಿಸಿಕೊಳ್ಳದಿದ್ದರೆ ಚಿತ್ರ ಮಸುಕಾಗುತ್ತದೆ, ದೂರದ ಅಂದಾಜೂ ತಪ್ಪುತ್ತದೆ.

ಇಲ್ಲೊಂದು ಅರೆಕೊರೆ ಉಳಿದಿದೆ. ನಿಜ ಜೀವನದಲ್ಲಿ ಹತ್ತಿರ ಬರುವ ವಸ್ತುವಿನತ್ತ ಎರಡು ಕಣ್ಣೂ ಒಳಮುಖವಾಗಿ ತಿರುಗುತ್ತವೆ, ಜೊತೆಗೆ ಕಣ್ಣಿನೊಳಗಿನ ಮಸೂರ ಉಬ್ಬಿ ನೋಟವನ್ನು ಕೇಂದ್ರೀಕರಿಸುತ್ತದೆ. ಹೆಡ್‌ಸೆಟ್‌ನಲ್ಲಿ ಕಣ್ಣುಗಳು ಒಳಮುಖವಾಗಿ ತಿರುಗಿದರೂ ಚಿತ್ರದ ಕೇಂದ್ರದೂರ ಮಾತ್ರ ಬದಲಾಗುವುದಿಲ್ಲ. ಹೆಚ್ಚು ಹೊತ್ತು ಆಡಿದವರ ಕಣ್ಣು ಸೋಲಲು ಈ ವಿರೋಧವೂ ಒಂದು ಕಾರಣ.

ಆಳದಷ್ಟೇ ಮುಖ್ಯವಾದದ್ದು ಕಾಲ. ಸೆಕೆಂಡಿಗೆ 90 ಬಾರಿ ಚಿತ್ರ ಬದಲಿಸುವ ಪರದೆಯಲ್ಲಿ ಒಂದು ಚಿತ್ರಕ್ಕೂ ಇನ್ನೊಂದಕ್ಕೂ 11 ಮಿಲಿಸೆಕೆಂಡ್ ಅಂತರವಿರುತ್ತದೆ, 120 ಬಾರಿ ಬದಲಿಸುವ ಪರದೆಯಲ್ಲಿ 8 ಮಿಲಿಸೆಕೆಂಡ್ ಚಿಲ್ಲರೆ. ತಲೆ ಅಲುಗಿದ ಕ್ಷಣದಿಂದ ಅದಕ್ಕೆ ತಕ್ಕ ಚಿತ್ರ ಕಣ್ಣಿಗೆ ಬೀಳುವವರೆಗಿನ ವಿಳಂಬ 20 ಮಿಲಿಸೆಕೆಂಡ್ ಮೀರಬಾರದು ಎಂಬುದು ಈ ಕ್ಷೇತ್ರದ ತಂತ್ರಜ್ಞರು ಇಟ್ಟುಕೊಂಡ ಗುರಿ. ಅದಕ್ಕಿಂತ ತಡವಾದರೆ ಕಣ್ಣು ಹೇಳುವುದಕ್ಕೂ ಒಳಕಿವಿಯ ಸಮತೋಲನ ಅಂಗ ಹೇಳುವುದಕ್ಕೂ ತಾಳೆಯಾಗದೆ ತಲೆ ಸುತ್ತುತ್ತದೆ, ವಾಕರಿಕೆ ಬರುತ್ತದೆ. ಗುಂಡಿ ಒತ್ತಿ ಓಡಾಡುವ ಮಿಥ್ಯಾವಾಸ್ತವ ಆಟಗಳಲ್ಲಿ ಈ ತೊಂದರೆ ಹೆಚ್ಚು, ಏಕೆಂದರೆ ಕಣ್ಣಿಗೆ ಓಟ ಕಾಣುತ್ತದೆ, ಒಳಕಿವಿಗೆ ಯಾವ ಚಲನೆಯೂ ತಿಳಿಯುವುದಿಲ್ಲ. ಟೇಬಲ್ ಟೆನಿಸ್‌ನಲ್ಲಿ ಆಟಗಾರ ತನ್ನ ಕಾಲಿನಲ್ಲೇ ಚಲಿಸುವುದರಿಂದ ಕಣ್ಣು ಮತ್ತು ಒಳಕಿವಿಯ ವರದಿಗಳು ಹೊಂದಿಕೊಳ್ಳುತ್ತವೆ. ಇತರ ಆಟಗಳಲ್ಲಿ ವಾಕರಿಕೆ ಪಡುವ ಎಷ್ಟೋ ಜನ ಇದನ್ನು ಸಲೀಸಾಗಿ ಆಡಲು ಇದೇ ಕಾರಣ.

ಬ್ಯಾಟಿನ ಜಾಡು

ಕಂಟ್ರೋಲರ್ ಎಲ್ಲಿದೆ, ಯಾವ ಕಡೆಗೆ ವಾಲಿದೆ ಎಂಬುದನ್ನು ಹೆಡ್‌ಸೆಟ್ ಎರಡು ಮೂಲಗಳಿಂದ ತಿಳಿಯುತ್ತದೆ. ಮೊದಲನೆಯದು ಕ್ಯಾಮೆರಾ. ಕ್ವೆಸ್ಟ್ ಮಾದರಿಯ ಹೆಡ್‌ಸೆಟ್‌ನ ಹೊರಮೈಯಲ್ಲಿರುವ ಕ್ಯಾಮೆರಾಗಳು ಕೋಣೆಯ ಮೂಲೆ, ಅಂಚು, ಗೋಡೆಯ ಚಿತ್ರಗಳಂಥ ಗುರುತುಗಳನ್ನು ಹಿಡಿದು ಹೆಡ್‌ಸೆಟ್‌ನ ಸ್ಥಾನವನ್ನು ಲೆಕ್ಕ ಹಾಕುತ್ತವೆ. ಕಂಟ್ರೋಲರ್‌ನಲ್ಲಿ ಕಣ್ಣಿಗೆ ಕಾಣದ ಅವಕೆಂಪು ಬೆಳಕಿನ ಎಲ್‌ಇಡಿಗಳಿರುತ್ತವೆ, ಅವುಗಳ ವಿನ್ಯಾಸವನ್ನು ಅದೇ ಕ್ಯಾಮೆರಾಗಳು ಓದುತ್ತವೆ. ಎರಡನೆಯದು ಕಂಟ್ರೋಲರ್‌ನೊಳಗಿನ ವೇಗೋತ್ಕರ್ಷ ಮಾಪಕ ಮತ್ತು ಗೈರೊಸ್ಕೋಪ್. ಇವು ಸೆಕೆಂಡಿಗೆ ನೂರಾರು ಬಾರಿ ಅಳತೆ ಕೊಡುತ್ತವೆ. ಆದರೆ ಇವುಗಳ ಚಿಕ್ಕ ಚಿಕ್ಕ ತಪ್ಪುಗಳು ಕೂಡುತ್ತಾ ಹೋಗಿ ಕೆಲವೇ ಸೆಕೆಂಡುಗಳಲ್ಲಿ ಸ್ಥಾನ ಎತ್ತಲೋ ಜಾರುತ್ತದೆ. ಕ್ಯಾಮೆರಾ ನಿಧಾನ, ಆದರೆ ಜಾರುವುದಿಲ್ಲ. ಸಂವೇದಕ ಚುರುಕು, ಆದರೆ ಜಾರುತ್ತದೆ. 1960ರಲ್ಲಿ ರುಡಾಲ್ಫ್ ಕಾಲ್ಮನ್ ರೂಪಿಸಿದ ಗಣಿತ ವಿಧಾನದ ಜಾತಿಗೆ ಸೇರಿದ ಲೆಕ್ಕಾಚಾರಗಳು ಎರಡನ್ನೂ ಬೆರೆಸಿ, ಒಂದರ ಕೊರತೆಯನ್ನು ಇನ್ನೊಂದರಿಂದ ತುಂಬುತ್ತವೆ.

ಈ ಬೆರಕೆ ಎಷ್ಟು ನಿಖರವಾಗಿರಬೇಕು ಎಂಬುದಕ್ಕೆ ಎರಡು ಲೆಕ್ಕ ಸಾಕು. ಬ್ಯಾಟು ಸೆಕೆಂಡಿಗೆ 5 ಮೀಟರ್ ವೇಗದಲ್ಲಿ ಬೀಸುತ್ತಿದ್ದರೆ 20 ಮಿಲಿಸೆಕೆಂಡ್‌ನಲ್ಲಿ 10 ಸೆಂಟಿಮೀಟರ್ ಸಾಗಿಬಿಡುತ್ತದೆ. ಬ್ಯಾಟಿನ ಅಗಲವೇ ಸುಮಾರು 15 ಸೆಂಟಿಮೀಟರ್. ಅಷ್ಟು ಹಳೆಯ ಸ್ಥಾನವನ್ನು ನಂಬಿದರೆ ಚೆಂಡು ಬ್ಯಾಟಿನ ನಡುವೆ ತಗುಲುವ ಬದಲು ಅಂಚಿಗೆ ತಗುಲಬಹುದು, ಇಲ್ಲವೇ ತಪ್ಪಿಯೇ ಹೋಗಬಹುದು. ಆದ್ದರಿಂದ ಮುಂದಿನ ಕ್ಷಣದಲ್ಲಿ ಕೈ ಎಲ್ಲಿರುತ್ತದೆ ಎಂದು ಸಾಧನ ಮುಂಗಂಡು ಲೆಕ್ಕ ಹಾಕುತ್ತದೆ. ಎರಡನೆಯದು ಕೋನದ ಲೆಕ್ಕ. ಅಲುಗದೆ ಹಿಡಿದ ಬ್ಯಾಟಿನ ಮೇಲೆ ಬಂದು ಪುಟಿಯುವ ಚೆಂಡಿಗೆ, ಬ್ಯಾಟಿನ ವಾಲಿಕೆಯಲ್ಲಿ ಒಂದು ಡಿಗ್ರಿ ತಪ್ಪಾದರೆ ದಿಕ್ಕಿನಲ್ಲಿ ಸುಮಾರು ಎರಡು ಡಿಗ್ರಿ ತಪ್ಪಾಗುತ್ತದೆ. ಎರಡೂವರೆ ಮೀಟರ್ ದೂರದಲ್ಲಿ ಅದು 9 ಸೆಂಟಿಮೀಟರ್‌ಗೆ ಹತ್ತಿರ. ಬಲೆಯ ಎತ್ತರವೇ 15.25 ಸೆಂಟಿಮೀಟರ್ ಆಗಿರುವಾಗ ಇದು ಸಣ್ಣ ತಪ್ಪಲ್ಲ. ಕಂಟ್ರೋಲರನ್ನು ಹಿಡಿಯುವ ರೀತಿ ಬ್ಯಾಟು ಹಿಡಿಯುವ ರೀತಿಗಿಂತ ಬೇರೆ. ಅದಕ್ಕಾಗಿಯೇ ಇಂಥ ಆಟಗಳಲ್ಲಿ ಬ್ಯಾಟಿನ ಕೋನ ಮತ್ತು ಜಾಗವನ್ನು ಕೈಗೆ ತಕ್ಕಂತೆ ಹೊಂದಿಸಿಕೊಳ್ಳುವ ಸೌಲಭ್ಯ ಇರುತ್ತದೆ. ಕಂಟ್ರೋಲರನ್ನು ಬ್ಯಾಟಿನಂಥ ಹಿಡಿಕೆಗೆ ಸಿಕ್ಕಿಸುವ ಅಡಾಪ್ಟರ್‌ಗಳೂ ಸಿಗುತ್ತವೆ.

ಚೆಂಡಿನ ಭೌತವಿಜ್ಞಾನ

ಆಟದ ಜೀವ ಇರುವುದು ಚೆಂಡಿನಲ್ಲಿ. ನಿಯಮದ ಪ್ರಕಾರ ಚೆಂಡಿನ ವ್ಯಾಸ 40 ಮಿಲಿಮೀಟರ್, ತೂಕ 2.7 ಗ್ರಾಂ. ಇಷ್ಟು ಹಗುರವಾದ, ಇಷ್ಟು ದಪ್ಪದ ವಸ್ತುವಿನ ಮೇಲೆ ಗಾಳಿಯ ಆಡಳಿತ ಬಲವಾಗಿರುತ್ತದೆ. ಸೆಕೆಂಡಿಗೆ 10 ಮೀಟರ್ ವೇಗದಲ್ಲಿ, ಅಂದರೆ ಗಂಟೆಗೆ 36 ಕಿಲೋಮೀಟರ್ ವೇಗದಲ್ಲಿ ಹಾರುವ ಟೇಬಲ್ ಟೆನಿಸ್ ಚೆಂಡನ್ನು ಗಾಳಿ ಹಿಂದಕ್ಕೆ ತಳ್ಳುವ ಬಲ, ಭೂಮಿ ಅದನ್ನು ಕೆಳಗೆಳೆಯುವ ಬಲಕ್ಕಿಂತ ಸುಮಾರು 1.4 ಪಟ್ಟು ಹೆಚ್ಚು. ಗಾಳಿಯ ಪ್ರತಿರೋಧ ವೇಗದ ವರ್ಗಕ್ಕೆ ಅನುಗುಣವಾಗಿ ಏರುತ್ತದೆ, ಹಾಗಾಗಿ ವೇಗ ಎರಡರಷ್ಟಾದರೆ ಪ್ರತಿರೋಧ ನಾಲ್ಕರಷ್ಟಾಗುತ್ತದೆ. ಬಿರುಸಾದ ಸ್ಮ್ಯಾಶ್ ಕೂಡ ಮೇಜು ದಾಟುವಷ್ಟರಲ್ಲಿ ಗಣನೀಯವಾಗಿ ನಿಧಾನವಾಗುವುದು ಇದರಿಂದಲೇ. ಗುರುತ್ವವನ್ನಷ್ಟೇ ಲೆಕ್ಕ ಹಿಡಿದು ಗಾಳಿಯನ್ನು ಮರೆತ ಆಟದಲ್ಲಿ ಚೆಂಡು ಗಾಜಿನ ಗೋಲಿಯಂತೆ ವರ್ತಿಸುತ್ತದೆ. ಟೇಬಲ್ ಟೆನಿಸ್ ಆಡಿ ಬಲ್ಲವರಿಗೆ ಅದು ಮೊದಲ ಹೊಡೆತದಲ್ಲೇ ತಿಳಿದುಬಿಡುತ್ತದೆ.

ಗಾಳಿಯ ಸಾಂದ್ರತೆ ಊರಿನಿಂದ ಊರಿಗೆ ಬೇರೆ. ಸಮುದ್ರ ಮಟ್ಟದ ಮಂಗಳೂರಿಗಿಂತ, 900 ಮೀಟರ್‌ಗೂ ಹೆಚ್ಚು ಎತ್ತರದ ಬೆಂಗಳೂರಿನಲ್ಲಿ ಗಾಳಿ ಸುಮಾರು ಶೇಕಡ 9ರಷ್ಟು ತೆಳು. ಅಲ್ಲಿ ಚೆಂಡು ತುಸು ವೇಗವಾಗಿ ಸಾಗುತ್ತದೆ, ತುಸು ಕಡಿಮೆ ಬಾಗುತ್ತದೆ. ಮಿಥ್ಯಾವಾಸ್ತವದಲ್ಲಿ ಗಾಳಿಯ ಸಾಂದ್ರತೆ ಲೆಕ್ಕದಲ್ಲಿ ಬರೆದಿಟ್ಟ ಒಂದು ಸಂಖ್ಯೆ. ಅದನ್ನು ಬದಲಿಸದಿರುವವರೆಗೆ ಎಲ್ಲ ಊರಿನ ಆಟಗಾರರಿಗೂ ಒಂದೇ ಗಾಳಿ.

ಚೆಂಡು ಬಾಗುವುದಕ್ಕೆ ಕಾರಣ ಸ್ಪಿನ್. ತಿರುಗುತ್ತಾ ಹಾರುವ ಚೆಂಡು ತನ್ನ ಸುತ್ತಲಿನ ಗಾಳಿಯನ್ನು ಒಂದು ಬದಿಗೆ ತಿರುಗಿಸುತ್ತದೆ, ಗಾಳಿ ಚೆಂಡನ್ನು ಎದುರು ಬದಿಗೆ ತಳ್ಳುತ್ತದೆ. ಟೆನಿಸ್ ಚೆಂಡು ಹೀಗೆ ಬಾಗುವುದನ್ನು ನ್ಯೂಟನ್ 17ನೆಯ ಶತಮಾನದಲ್ಲೇ ಗಮನಿಸಿದ್ದ. 1850ರ ದಶಕದಲ್ಲಿ ಇದನ್ನು ಪ್ರಯೋಗಗಳಿಂದ ಅಧ್ಯಯನ ಮಾಡಿದ ಜರ್ಮನಿಯ ಹೈನ್‌ರಿಕ್ ಮ್ಯಾಗ್ನಸ್‌ನ ಹೆಸರು ಈ ಪರಿಣಾಮಕ್ಕೆ ಉಳಿದುಕೊಂಡಿದೆ. ಚೆಂಡಿನ ಮೇಲ್ಭಾಗ ಮುಂದಕ್ಕೆ ಉರುಳುವಂತೆ ತಿರುಗಿದರೆ ಅದು ಟಾಪ್‌ಸ್ಪಿನ್, ಆಗ ಚೆಂಡು ಬೇಗ ಕೆಳಗಿಳಿಯುತ್ತದೆ. ಹಿಂದಕ್ಕೆ ಉರುಳುವಂತೆ ತಿರುಗಿದರೆ ಬ್ಯಾಕ್‌ಸ್ಪಿನ್, ಆಗ ತೇಲುತ್ತಾ ಸಾಗುತ್ತದೆ. ನುರಿತ ಆಟಗಾರರ ಟಾಪ್‌ಸ್ಪಿನ್ ಹೊಡೆತದಲ್ಲಿ ಚೆಂಡು ಸೆಕೆಂಡಿಗೆ 100ಕ್ಕೂ ಹೆಚ್ಚು ಸುತ್ತು ತಿರುಗುವುದುಂಟು. 100 ಸುತ್ತಿನ ಲೆಕ್ಕದಲ್ಲಿ ಚೆಂಡಿನ ಹೊರಮೈಯ ವೇಗವೇ ಸೆಕೆಂಡಿಗೆ 12.5 ಮೀಟರ್ ದಾಟುತ್ತದೆ. ಬಲವಾಗಿ ಹೊಡೆದರೂ ಚೆಂಡು ಮೇಜಿನಾಚೆ ಹಾರಿಹೋಗದೆ ಮೇಜಿನ ಮೇಲೇ ಬೀಳುವುದು ಈ ಸುತ್ತುವಿಕೆಯ ಕೊಡುಗೆ.

ಮೂರನೆಯ ಲೆಕ್ಕ ಪುಟಿತದ್ದು. 30 ಸೆಂಟಿಮೀಟರ್ ಎತ್ತರದಿಂದ ಬಿಟ್ಟ ಚೆಂಡು ಮೇಜಿನ ಮೇಲೆ ಬಿದ್ದು ಸುಮಾರು 23 ಸೆಂಟಿಮೀಟರ್ ಮೇಲೇಳಬೇಕು ಎಂದು ಅಂತಾರಾಷ್ಟ್ರೀಯ ನಿಯಮ ಹೇಳುತ್ತದೆ. ಎತ್ತರ ವೇಗದ ವರ್ಗವನ್ನು ಅನುಸರಿಸುವುದರಿಂದ, ಪ್ರತಿ ಪುಟಿತದಲ್ಲೂ ಚೆಂಡು ತನ್ನ ಲಂಬ ವೇಗದ ಶೇಕಡ 88ರಷ್ಟನ್ನು ಉಳಿಸಿಕೊಳ್ಳುತ್ತದೆ ಎಂದಾಯಿತು. ಇದರ ಜೊತೆಗೆ ಘರ್ಷಣೆಯೂ ಇದೆ. ಟಾಪ್‌ಸ್ಪಿನ್ ಇರುವ ಚೆಂಡು ಮೇಜಿಗೆ ತಗುಲಿದಾಗ ಹೊರಮೈ ಮೇಜನ್ನು ಹಿಂದಕ್ಕೆ ಒತ್ತಿ, ಚೆಂಡು ಮುಂದಕ್ಕೆ ಚಿಮ್ಮುತ್ತದೆ. ಬ್ಯಾಕ್‌ಸ್ಪಿನ್ ಇದ್ದರೆ ಮುಗ್ಗರಿಸಿದಂತೆ ನಿಧಾನವಾಗುತ್ತದೆ. ಸುತ್ತುವಿಕೆ ಎಷ್ಟು ವೇಗವಾಗಿ, ವೇಗ ಎಷ್ಟು ಸುತ್ತುವಿಕೆಯಾಗಿ ಬದಲಾಗುತ್ತದೆ ಎಂಬುದು ಚೆಂಡು ಒಳಗೆ ಟೊಳ್ಳಾಗಿರುವುದನ್ನು ಅವಲಂಬಿಸಿದೆ. ಗಟ್ಟಿ ಗೋಳಕ್ಕೆ ಹೊಂದುವ ಸೂತ್ರ ಇಲ್ಲಿ ತಪ್ಪು ಉತ್ತರ ಕೊಡುತ್ತದೆ. ಬ್ಯಾಟಿನ ರಬ್ಬರಿಗೂ ಇದೇ ಬಗೆಯ ಎರಡು ಮುಖ್ಯ ಸಂಖ್ಯೆಗಳಿರುತ್ತವೆ: ಎಷ್ಟು ಪುಟಿಸುತ್ತದೆ, ಎಷ್ಟು ಹಿಡಿಯುತ್ತದೆ. ಆಟದಲ್ಲಿ ರಬ್ಬರ್ ಬದಲಿಸಿದಾಗ ಒಳಗೆ ಬದಲಾಗುವುದು ಈ ಬಗೆಯ ಸಂಖ್ಯೆಗಳು.

ಲೆಕ್ಕ ಹಾಕುವ ಕ್ರಮದಲ್ಲೂ ಒಂದು ಸೂಕ್ಷ್ಮವಿದೆ. ಸೆಕೆಂಡಿಗೆ 20 ಮೀಟರ್ ವೇಗದ ಚೆಂಡು ಎರಡು ಚಿತ್ರಗಳ ನಡುವಿನ 11 ಮಿಲಿಸೆಕೆಂಡ್‌ನಲ್ಲಿ 22 ಸೆಂಟಿಮೀಟರ್ ಸಾಗಿರುತ್ತದೆ. ಒಂದು ಚಿತ್ರದಲ್ಲಿ ಬ್ಯಾಟಿನ ಮುಂದಿದ್ದ ಚೆಂಡು ಮುಂದಿನ ಚಿತ್ರದಲ್ಲಿ ಬ್ಯಾಟಿನ ಹಿಂದಿರಬಹುದು. ಚಿತ್ರದಿಂದ ಚಿತ್ರಕ್ಕಷ್ಟೇ ಡಿಕ್ಕಿಯನ್ನು ಹುಡುಕಿದರೆ ಚೆಂಡು ಬ್ಯಾಟನ್ನು ತೂರಿಕೊಂಡು ಹೋದಂತಾಗುತ್ತದೆ. ಆದ್ದರಿಂದ ಚೆಂಡು ಸಾಗಿದ ದಾರಿಯನ್ನೂ ಬ್ಯಾಟು ಬೀಸಿದ ದಾರಿಯನ್ನೂ ಸಣ್ಣ ಸಣ್ಣ ತುಣುಕುಗಳಾಗಿ ಪರಿಶೀಲಿಸಿ, ಇವೆರಡೂ ಸಂಧಿಸಿದ ಬಿಂದುವನ್ನು ಕಂಡುಹಿಡಿಯಬೇಕು. ಈ ಲೆಕ್ಕ ಸರಿಯಾಗಿರುವ ಆಟದಲ್ಲಿ ಬ್ಯಾಟನ್ನು ಚೆಂಡಿನ ಮೇಲೆ ಸವರಿದರೆ ಸ್ಪಿನ್ ಬರುತ್ತದೆ, ನೇರವಾಗಿ ಬಡಿದರೆ ವೇಗ ಬರುತ್ತದೆ, ಎದುರಾಳಿಯ ಸ್ಪಿನ್ ಓದದೆ ಬ್ಯಾಟಿಟ್ಟರೆ ಚೆಂಡು ಬಲೆಗೆ ಬೀಳುತ್ತದೆ.

ದೂರದ ಎದುರಾಳಿ

ಸೆಕೆಂಡಿಗೆ 10 ಮೀಟರ್ ವೇಗದ ಚೆಂಡು ಮೇಜಿನ ಉದ್ದವನ್ನು ಸುಮಾರು 0.27 ಸೆಕೆಂಡ್‌ನಲ್ಲಿ ದಾಟುತ್ತದೆ. ಕಂಡದ್ದಕ್ಕೆ ಕೈ ಸ್ಪಂದಿಸಲು ಮನುಷ್ಯನಿಗೆ ಬೇಕಾಗುವ ಕನಿಷ್ಠ ಕಾಲ ಸುಮಾರು 0.2 ಸೆಕೆಂಡ್. ಇಷ್ಟು ಬಿಗಿಯಾದ ಲೆಕ್ಕದಲ್ಲಿ ಇಂಟರ್‌ನೆಟ್‌ನ ವಿಳಂಬವೂ ಸೇರಿಕೊಳ್ಳುತ್ತದೆ. ಗಾಜಿನ ಎಳೆಯಲ್ಲಿ ಬೆಳಕು ಸೆಕೆಂಡಿಗೆ ಸುಮಾರು 2 ಲಕ್ಷ ಕಿಲೋಮೀಟರ್ ಸಾಗುತ್ತದೆ. ಬೆಂಗಳೂರಿನಿಂದ ಲಂಡನ್ನಿಗೆ ನೇರ ದೂರ ಸುಮಾರು 8,000 ಕಿಲೋಮೀಟರ್, ಅಂದರೆ ಸಂದೇಶ ಹೋಗಲು ಕನಿಷ್ಠ 40 ಮಿಲಿಸೆಕೆಂಡ್, ಹೋಗಿ ಬರಲು 80. ಕೇಬಲ್‌ಗಳು ಬಳಸಿ ಸಾಗುವುದರಿಂದ ನಿಜವಾದ ವಿಳಂಬ ಇನ್ನೂ ಹೆಚ್ಚು. ಯಾವ ತಂತ್ರಜ್ಞಾನವೂ ಬೆಳಕಿನ ವೇಗವನ್ನು ಮೀರಲಾಗದ ಕಾರಣ ಈ ವಿಳಂಬವನ್ನು ಅಳಿಸಲಾಗದು, ಮರೆಮಾಚಬಹುದು ಅಷ್ಟೇ.

ಟೇಬಲ್ ಟೆನಿಸ್‌ನ ಸ್ವರೂಪವೇ ಇದಕ್ಕೆ ನೆರವಾಗುತ್ತದೆ. ಯಾವುದೇ ಕ್ಷಣದಲ್ಲಿ ಚೆಂಡನ್ನು ಹೊಡೆಯುವ ಹಕ್ಕು ಒಬ್ಬರದು ಮಾತ್ರ. ಆದ್ದರಿಂದ ಒಬ್ಬರ ಹೊಡೆತವನ್ನು ಅವರ ಹೆಡ್‌ಸೆಟ್ಟೇ ತೀರ್ಮಾನಿಸಿ, ಚೆಂಡಿನ ಸ್ಥಾನ, ವೇಗ, ಸ್ಪಿನ್ ಎಂಬ ಕೆಲವೇ ಸಂಖ್ಯೆಗಳನ್ನು ಎದುರಾಳಿಗೆ ಕಳುಹಿಸಿದರೆ ಸಾಕು. ಭೌತ ನಿಯಮಗಳು ಎರಡೂ ಕಡೆ ಒಂದೇ ಆಗಿರುವುದರಿಂದ ಉಳಿದ ಪಥವನ್ನು ಎದುರಾಳಿಯ ಹೆಡ್‌ಸೆಟ್ ತಾನೇ ಲೆಕ್ಕ ಹಾಕಿಕೊಳ್ಳುತ್ತದೆ. ಸಂದೇಶ ತಲುಪುವಲ್ಲಿ ಆದ ತಡವನ್ನು ಚೆಂಡು ಗಾಳಿಯಲ್ಲಿರುವ ಅವಧಿಯಲ್ಲಿ ಹಂಚಿ ಸರಿದೂಗಿಸಬಹುದು. ಒಂದೇ ದೇಶದ, ಅಕ್ಕಪಕ್ಕದ ಊರುಗಳ ಆಟಗಾರರ ನಡುವೆ ಈ ಹೊಂದಾಣಿಕೆ ಕಣ್ಣಿಗೇ ಬೀಳುವುದಿಲ್ಲ. ಖಂಡದಾಚೆಯ ಎದುರಾಳಿಯೊಂದಿಗೆ ಆಡುವಾಗ ಮಾತ್ರ ಚೆಂಡು ಆಗಾಗ ತಡವರಿಸಿದಂತೆ ಕಾಣಬಹುದು.

ಸಿಗದ ಸ್ಪರ್ಶ

ನಿಜವಾದ ಚೆಂಡು ಬ್ಯಾಟಿಗೆ ತಗುಲಿರುವ ಅವಧಿ ಸುಮಾರು ಒಂದು ಮಿಲಿಸೆಕೆಂಡ್. ಆ ಕ್ಷಣದ ಬಡಿತ ಹಿಡಿಕೆಯ ಮೂಲಕ ಅಂಗೈಗೆ ಇಳಿಯುತ್ತದೆ. ಕಂಟ್ರೋಲರ್ ಅದರ ಬದಲು ಚಿಕ್ಕ ಕಂಪನವೊಂದನ್ನು ಕೊಡುತ್ತದೆ, ಜೊತೆಗೆ ಕಿವಿಗೆ ಚೆಂಡಿನ ಟಪ್ಪೆಂಬ ಸದ್ದು ಕೇಳಿಸುತ್ತದೆ. ಕಣ್ಣು, ಕಿವಿ, ಅಂಗೈ ಮೂರೂ ಒಂದೇ ಕ್ಷಣದಲ್ಲಿ ಒಂದೇ ಸುದ್ದಿ ಹೇಳಿದಾಗ ಮಿದುಳು ಅದನ್ನು ಹೊಡೆತವೆಂದೇ ಸ್ವೀಕರಿಸುತ್ತದೆ. ಚೆಂಡು ಕೇವಲ 2.7 ಗ್ರಾಂ ಇರುವುದರಿಂದ ನಿಜವಾದ ಆಟದಲ್ಲೂ ಕೈಗೆ ಬರುವ ಪ್ರತಿಬಲ ಕಡಿಮೆ, ಹಾಗಾಗಿ ಕೊರತೆ ಅಷ್ಟಾಗಿ ಕಾಡುವುದಿಲ್ಲ. 57 ಗ್ರಾಂಗೂ ಹೆಚ್ಚು ತೂಗಬಹುದಾದ ಟೆನಿಸ್ ಚೆಂಡಿನ ಹೊಡೆತ ತೋಳನ್ನೇ ನಡುಗಿಸುತ್ತದೆ. ಅದನ್ನು ಕಂಪನದಿಂದ ತುಂಬಿಕೊಡುವುದು ಆಗದ ಮಾತು. ಮಿಥ್ಯಾವಾಸ್ತವ ಟೆನಿಸ್ ಟೇಬಲ್ ಟೆನಿಸ್‌ನಷ್ಟು ನಂಬುವಂತೆ ಇರದಿರುವುದಕ್ಕೆ ಜಾಗದ ನಂತರದ ಕಾರಣ ಇದು.

ದೇಹಕ್ಕೆ ಸಿಗುವ ವ್ಯಾಯಾಮ

ದೈಹಿಕ ಚಟುವಟಿಕೆಯ ತೀವ್ರತೆಯನ್ನು ‘ಮೆಟ್’ ಎಂಬ ಮಾನದಿಂದ ಅಳೆಯುತ್ತಾರೆ. ಸುಮ್ಮನೆ ಕುಳಿತವರು ಖರ್ಚು ಮಾಡುವ ಶಕ್ತಿ ಒಂದು ಮೆಟ್. ಅದು ದೇಹದ ತೂಕದ ಪ್ರತಿ ಕಿಲೋಗ್ರಾಮಿಗೆ ಗಂಟೆಗೆ ಸುಮಾರು ಒಂದು ಕಿಲೊಕ್ಯಾಲೊರಿಗೆ ಸಮ. ವ್ಯಾಯಾಮ ಸಂಶೋಧಕರು ಬಳಸುವ ಪಟ್ಟಿಯಲ್ಲಿ ಟೇಬಲ್ ಟೆನಿಸ್‌ಗೆ 4 ಮೆಟ್, ಬಿಡುವಿನ ಬ್ಯಾಡ್ಮಿಂಟನ್‌ಗೆ 5.5, ಸಿಂಗಲ್ಸ್ ಟೆನಿಸ್‌ಗೆ 8 ಮೆಟ್ ಎಂದಿದೆ. 3ರಿಂದ 6 ಮೆಟ್‌ವರೆಗಿನದು ಮಧ್ಯಮ ವ್ಯಾಯಾಮ. 60 ಕಿಲೋ ತೂಕದವರು 4 ಮೆಟ್ ತೀವ್ರತೆಯಲ್ಲಿ ಅರ್ಧ ಗಂಟೆ ಆಡಿದರೆ ಸುಮಾರು 120 ಕಿಲೊಕ್ಯಾಲೊರಿ ಖರ್ಚಾಗುತ್ತದೆ.

ಮಿಥ್ಯಾವಾಸ್ತವದ ಆಟ ಈ ಅಂಕಿಯನ್ನು ಮುಟ್ಟುತ್ತದೆಯೇ ಎಂಬುದು ಆಡುವ ರೀತಿಯನ್ನು ಅವಲಂಬಿಸಿದೆ. ಹಿಂದಿನ ತಲೆಮಾರಿನ ಆಟಗಳ ಬಗ್ಗೆ ಸಿಕ್ಕ ಉತ್ತರ ಆಶಾದಾಯಕವಾಗಿರಲಿಲ್ಲ. ಇಂಗ್ಲೆಂಡಿನ ಲಿವರ್‌ಪೂಲ್‌ನ ಸಂಶೋಧಕರು 2007ರಲ್ಲಿ ಬ್ರಿಟಿಷ್ ಮೆಡಿಕಲ್ ಜರ್ನಲ್‌ನಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ವೀ ಆಟಗಳನ್ನು ಆಡಿದ ಹದಿಹರೆಯದವರು ಕುಳಿತು ಆಡುವ ಆಟಗಳಿಗಿಂತ ಹೆಚ್ಚು ಶಕ್ತಿ ಖರ್ಚು ಮಾಡಿದರು. ಆದರೆ ಅದು ನಿಜವಾದ ಆಟದಷ್ಟಾಗಲಿಲ್ಲ, ಮಕ್ಕಳಿಗೆ ದಿನವೂ ಬೇಕಾದ ವ್ಯಾಯಾಮಕ್ಕೆ ಸಾಲುವಷ್ಟು ತೀವ್ರವೂ ಆಗಿರಲಿಲ್ಲ. ಹೆಡ್‌ಸೆಟ್ ಆಟ ಇಲ್ಲಿ ಒಂದು ಹೆಜ್ಜೆ ಮುಂದಿದೆ. ಬ್ಯಾಟು ಚೆಂಡಿರುವ ಜಾಗಕ್ಕೆ ಹೋಗಲೇಬೇಕಾದ್ದರಿಂದ ಮಣಿಕಟ್ಟು ಅಲುಗಿಸಿ ಪಾರಾಗುವ ದಾರಿ ಮುಚ್ಚಿದೆ. ಬಿದ್ದ ಚೆಂಡನ್ನು ಹುಡುಕಿ ಹೆಕ್ಕುವ ಬಿಡುವೂ ಇಲ್ಲ, ಗುಂಡಿ ಒತ್ತಿದರೆ ಕೈಗೆ ಹೊಸ ಚೆಂಡು ಬರುತ್ತದೆ. ಹೀಗಾಗಿ ಅರ್ಧ ಗಂಟೆಯಲ್ಲಿ ಹೆಚ್ಚು ಹೊಡೆತಗಳು ಸಿಗುತ್ತವೆ. ಇದಕ್ಕೆ ಎದುರಾಗಿ, ಎರಡು ಮೀಟರ್ ಜಾಗದಲ್ಲಿ ಕಾಲಿನ ಕೆಲಸ ಕುಗ್ಗುತ್ತದೆ. ಅಂತಾರಾಷ್ಟ್ರೀಯ ಪಂದ್ಯಗಳಲ್ಲಿ ಒಂದು ಮೇಜಿಗೆ 14 ಮೀಟರ್ ಉದ್ದ, 7 ಮೀಟರ್ ಅಗಲದ ಆವರಣ ಮೀಸಲಿಡುವುದು ಆಟಗಾರರು ಹಿಂದಕ್ಕೂ ಪಕ್ಕಕ್ಕೂ ಓಡುವುದರಿಂದಲೇ. ಮನೆಯಲ್ಲಿ ಆ ಓಟ ಇಲ್ಲ. ಕಾಲುಗಳ ದೊಡ್ಡ ಸ್ನಾಯುಗಳು ದುಡಿಯದಿದ್ದರೆ ಹೃದಯಕ್ಕೂ ಕೆಲಸ ಕಡಿಮೆ. ಮೊಣಕಾಲು ತುಸು ಬಗ್ಗಿಸಿ, ಪ್ರತಿ ಹೊಡೆತಕ್ಕೂ ಸೊಂಟದಿಂದ ತಿರುಗಿ, ಹೆಜ್ಜೆ ಬದಲಿಸುತ್ತಾ ಆಡುವವರಿಗೂ ಕಂಬದಂತೆ ನಿಂತು ತೋಳನ್ನಷ್ಟೇ ಬೀಸುವವರಿಗೂ ಸಿಗುವ ಫಲ ಬೇರೆ ಬೇರೆ.

ಅದನ್ನು ತಿಳಿಯಲು ಹೃದಯಬಡಿತವೇ ಒಳ್ಳೆಯ ಅಳತೆ. ಹೆಡ್‌ಸೆಟ್ ತೋರಿಸುವ ಕ್ಯಾಲೊರಿ ಸಂಖ್ಯೆ ತಲೆ ಮತ್ತು ಕೈಗಳ ಚಲನೆಯಿಂದ ಹಾಕಿದ ಅಂದಾಜು. ಕಾಲುಗಳು ಏನು ಮಾಡುತ್ತಿವೆ ಎಂಬುದು ಅದಕ್ಕೆ ನೇರವಾಗಿ ಕಾಣದು. ವಯಸ್ಸನ್ನು 0.7ರಿಂದ ಗುಣಿಸಿ 208ರಿಂದ ಕಳೆದರೆ ಹೃದಯದ ಗರಿಷ್ಠ ಬಡಿತದ ಅಂದಾಜು ಸಿಗುತ್ತದೆ. 40 ವರ್ಷದವರಿಗೆ ಅದು 180. ಗರಿಷ್ಠದ ಶೇಕಡ 64ರಿಂದ 76ರವರೆಗಿನದು ಮಧ್ಯಮ ವ್ಯಾಯಾಮದ ವಲಯ. ಅಂದರೆ ಅವರ ಬಡಿತ ನಿಮಿಷಕ್ಕೆ 115ರಿಂದ 137ರ ನಡುವೆ ಇರಬೇಕು. ವಿಶ್ವ ಆರೋಗ್ಯ ಸಂಸ್ಥೆ 2020ರಲ್ಲಿ ಪ್ರಕಟಿಸಿದ ಮಾರ್ಗಸೂಚಿಯಂತೆ ವಯಸ್ಕರಿಗೆ ವಾರಕ್ಕೆ 150ರಿಂದ 300 ನಿಮಿಷ ಮಧ್ಯಮ ವ್ಯಾಯಾಮ ಬೇಕು, ಜೊತೆಗೆ ವಾರಕ್ಕೆ ಎರಡು ದಿನವಾದರೂ ಸ್ನಾಯುಗಳನ್ನು ಬಲಪಡಿಸುವ ವ್ಯಾಯಾಮ ಬೇಕು. ದಿನಕ್ಕೆ ಅರ್ಧ ಗಂಟೆಯಂತೆ ವಾರಕ್ಕೆ ಐದು ದಿನ ಈ ವಲಯದಲ್ಲಿ ಆಡಿದವರಿಗೆ ಮೊದಲ ಭಾಗ ಪೂರೈಸುತ್ತದೆ. ಎರಡನೆಯ ಭಾಗಕ್ಕೆ ಈ ಆಟದಿಂದ ಏನೂ ಸಿಗುವುದಿಲ್ಲ.

ಈ ಆಟದ ದೊಡ್ಡ ಶಕ್ತಿ ಬೇರೊಂದು. ಚೆಂಡಿನ ಮೇಲೆ ಗಮನ ನೆಟ್ಟಿರುವಾಗ ದಣಿವಿನ ಅರಿವು ಹಿಂದೆ ಸರಿಯುತ್ತದೆ, ಟ್ರೆಡ್‌ಮಿಲ್ ಮೇಲೆ ಎಣಿಸಿ ಕಳೆಯುವ ಹತ್ತು ನಿಮಿಷ ಇಲ್ಲಿ ಒಂದು ಗೇಮ್‌ನಲ್ಲಿ ಕಳೆದುಹೋಗುತ್ತದೆ. ಮಳೆಗಾಲದ ಸಂಜೆ, ಕ್ಲಬ್ಬಿಲ್ಲದ ಊರು, ಜೊತೆಗೆ ಆಡುವವರಿಲ್ಲದ ಹೊತ್ತು ಯಾವುದೂ ಅಡ್ಡಿಯಾಗುವುದಿಲ್ಲ. ವ್ಯಾಯಾಮವನ್ನು ನಡುವೆ ಬಿಟ್ಟುಬಿಡುವವರೇ ಹೆಚ್ಚಾಗಿರುವಾಗ, ಮರುದಿನವೂ ಆಡಬೇಕೆನಿಸುವ ಗುಣ ಕೆಲವು ಹೆಚ್ಚುವರಿ ಕ್ಯಾಲೊರಿಗಿಂತ ಬೆಲೆಯುಳ್ಳದ್ದು.

ನಿಜವಾದ ಮೇಜಿಗೆ ಮರಳಿದಾಗ

ಹೆಡ್‌ಸೆಟ್‌ನಲ್ಲಿ ಕಲಿತದ್ದು ನಿಜವಾದ ಮೇಜಿನ ಮುಂದೆ ಉಪಯೋಗಕ್ಕೆ ಬರುತ್ತದೆಯೇ ಎಂಬುದನ್ನು ಆಸ್ಟ್ರೇಲಿಯದ ಅಡಿಲೇಡ್‌ನ ಯೂನಿವರ್ಸಿಟಿ ಆಫ್ ಸೌತ್ ಆಸ್ಟ್ರೇಲಿಯದ ಸಂಶೋಧಕರು ಪರೀಕ್ಷಿಸಿದರು. ಅವರ ಅಧ್ಯಯನ 2019ರಲ್ಲಿ ‘ಪ್ಲಾಸ್ ಒನ್’ ಪತ್ರಿಕೆಯಲ್ಲಿ ಪ್ರಕಟವಾಯಿತು. ಒಂದು ಗುಂಪಿಗೆ ಮಿಥ್ಯಾವಾಸ್ತವದಲ್ಲಿ ಟೇಬಲ್ ಟೆನಿಸ್ ತರಬೇತಿ ಕೊಟ್ಟು, ಇನ್ನೊಂದು ಗುಂಪಿಗೆ ಯಾವ ತರಬೇತಿಯನ್ನೂ ಕೊಡದೆ, ಎರಡೂ ಗುಂಪಿನವರನ್ನು ನಿಜವಾದ ಮೇಜಿನಲ್ಲಿ ಆಡಿಸಿದರು. ಹೆಡ್‌ಸೆಟ್‌ನಲ್ಲಿ ಅಭ್ಯಾಸ ಮಾಡಿದವರ ಆಟ ಸ್ಪಷ್ಟವಾಗಿ ಹೆಚ್ಚು ಸುಧಾರಿಸಿತ್ತು. ಈ ಹೋಲಿಕೆ ತರಬೇತಿಯೇ ಇಲ್ಲದವರೊಂದಿಗೆ ಎಂಬುದನ್ನು ಮರೆಯಬಾರದು. ನಿಜವಾದ ಮೇಜಿನಲ್ಲಿ ಕೋಚ್ ಕೈಕೆಳಗೆ ಕಲಿತವರಿಗೆ ಇದು ಸಮವೆಂದು ಆ ಫಲಿತಾಂಶ ಹೇಳುವುದಿಲ್ಲ. ಚೆಂಡಿನ ಪಥ ಊಹಿಸುವುದು, ಸರಿಯಾದ ಹೊತ್ತಿಗೆ ಬ್ಯಾಟು ತರುವುದು, ಸ್ಪಿನ್ ಓದುವುದು ಇವು ದಾಟಿ ಬರುವ ಗುಣಗಳು. ಬ್ಯಾಟಿನ ಹಿಡಿತದ ಹದ, ರಬ್ಬರಿನ ಸ್ಪರ್ಶ, ಕಾಲಿನ ಓಟ ಇವನ್ನು ನಿಜವಾದ ಮೇಜಿನಲ್ಲೇ ಕಲಿಯಬೇಕು.

ಎಚ್ಚರಿಕೆಗಳು

ಸುತ್ತಲಿನ ಕೋಣೆ ಕಾಣದ ಸ್ಥಿತಿಯಲ್ಲಿ ಕೈ ಬೀಸುವ ಆಟವಾದ್ದರಿಂದ ಪೆಟ್ಟಾಗುವ ಸಂಭವ ನಿಜ. ಆಡುವ ಜಾಗದ ಗಡಿಯನ್ನು ಹೆಡ್‌ಸೆಟ್‌ನಲ್ಲಿ ಗುರುತು ಮಾಡಿಕೊಂಡರೆ, ಅಂಚಿಗೆ ಹೋದಾಗ ಬೇಲಿಯಂಥ ಗೆರೆ ಕಾಣುತ್ತದೆ. ಆದರೆ ರಭಸದ ಹೊಡೆತದಲ್ಲಿ ಅದನ್ನು ಕಂಡು ನಿಲ್ಲಲು ಸಮಯ ಸಾಲದು. ಗಡಿಯನ್ನು ಗೋಡೆಯಿಂದ ಒಂದು ತೋಳಿನಷ್ಟು ಒಳಗೇ ಎಳೆಯುವುದು ಕ್ಷೇಮ. ಭಾರತದ ಮನೆಗಳಲ್ಲಿ ಸೀಲಿಂಗ್ ಫ್ಯಾನ್ ಇನ್ನೊಂದು ಅಪಾಯ. ಎತ್ತಿದ ಕೈ ತಾಗದಂತೆ ಅದರ ನೇರ ಕೆಳಗೆ ನಿಲ್ಲಬಾರದು, ತಗ್ಗು ಚಾವಣಿಯಿದ್ದರೆ ಫ್ಯಾನ್ ಆರಿಸಿಯೇ ಆಡಬೇಕು. ಕಂಟ್ರೋಲರ್‌ನ ಪಟ್ಟಿಯನ್ನು ಮಣಿಕಟ್ಟಿಗೆ ಕಟ್ಟಿಕೊಳ್ಳದಿದ್ದರೆ ಕೈಜಾರಿದ ಕಂಟ್ರೋಲರ್ ಟಿ.ವಿ. ಒಡೆಯಬಹುದು. ಇಲ್ಲದ ಮೇಜಿನ ಮೇಲೆ ಕೈಯೂರಲು ಹೋಗಿ ಬೀಳುವುದು ಈ ಆಟದ್ದೇ ಆದ ವಿಶೇಷ ಅಪಾಯ. ಮೇಜು ಕಣ್ಣಿಗೆ ಅಷ್ಟು ನಿಜವಾಗಿ ಕಾಣುತ್ತದೆ. ಚಿಕ್ಕ ಮಕ್ಕಳು, ಸಾಕುಪ್ರಾಣಿಗಳು ಕೋಣೆಯೊಳಗೆ ಬಾರದಂತೆ ಬಾಗಿಲು ಹಾಕಿಕೊಳ್ಳಬೇಕು.

ಕ್ವೆಸ್ಟ್ ಮಾದರಿಯ ಹೆಡ್‌ಸೆಟ್‌ಗಳ ತೂಕ ಸುಮಾರು ಅರ್ಧ ಕಿಲೋ, ಅದರಲ್ಲಿ ಹೆಚ್ಚಿನ ಭಾರ ಮುಖದ ಮುಂದೆ. ಪಟ್ಟಿಯನ್ನು ಸರಿಯಾಗಿ ಹೊಂದಿಸದೆ ಆಡಿದರೆ ಕತ್ತು ನೋಯುತ್ತದೆ. ಕಂಟ್ರೋಲರ್ ಹಗುರವೆಂದು ದಿನವೂ ಗಂಟೆಗಟ್ಟಲೆ ಬೀಸಿದರೆ ಮೊಣಕೈ ಮತ್ತು ಭುಜದ ಸ್ನಾಯುರಜ್ಜುಗಳಿಗೆ ನೋವು ಬರಬಹುದು, ಚೆಂಡು ಸುಳ್ಳಾದರೂ ಬೀಸುವ ತೋಳಿನ ಭಾರ ಸುಳ್ಳಲ್ಲ. ಆಟಕ್ಕೆ ಮೊದಲು ಭುಜ, ಸೊಂಟ, ಮಣಿಕಟ್ಟುಗಳನ್ನು ಸಡಿಲಿಸಿಕೊಳ್ಳುವುದು, ಅರ್ಧ ಗಂಟೆಗೊಮ್ಮೆ ಹೆಡ್‌ಸೆಟ್ ತೆಗೆದು ದೂರದ ವಸ್ತುಗಳನ್ನು ನೋಡುವುದು, ನೀರು ಕುಡಿಯುವುದು ಒಳ್ಳೆಯ ರೂಢಿ. ಹೃದ್ರೋಗ, ಅಪಸ್ಮಾರ ಅಥವಾ ಸಮತೋಲನದ ತೊಂದರೆ ಇರುವವರು ವೈದ್ಯರನ್ನು ಕೇಳಿಯೇ ಆಡಬೇಕು. ಮಕ್ಕಳಿಗೆ ಕೊಡುವ ಮೊದಲು ತಯಾರಕರು ಸೂಚಿಸಿದ ಕನಿಷ್ಠ ವಯಸ್ಸನ್ನು ನೋಡಬೇಕು. ಸಾಧನದ ಮಟ್ಟಿಗೂ ಒಂದು ಎಚ್ಚರಿಕೆ ಇದೆ: ಹೆಡ್‌ಸೆಟ್‌ನ ಮಸೂರಕ್ಕೆ ಬಿಸಿಲು ಬಿದ್ದರೆ ಅದು ಒಂದೇ ಬಿಂದುವಿನಲ್ಲಿ ಕೇಂದ್ರೀಕರಿಸಿ ಒಳಗಿನ ಪರದೆಯನ್ನು ಸುಟ್ಟುಬಿಡುತ್ತದೆ. ಕಿಟಕಿಯ ಬಳಿ ಅದನ್ನು ತೆರೆದಿಡಬಾರದು.

ಮಿಥ್ಯಾವಾಸ್ತವ ಟೇಬಲ್ ಟೆನಿಸ್ ಓಟಕ್ಕೆ, ಈಜಿಗೆ, ಮೈದಾನಕ್ಕೆ ಬದಲಿಯಾಗದು. ಆದರೆ ಕುಳಿತು ಕಳೆಯುವ ಸಂಜೆಗೆ ಅದು ಖಂಡಿತ ಬದಲಿಯಾಗಬಲ್ಲದು. ಹತ್ತಿರದಲ್ಲಿ ನಿಜವಾದ ಮೇಜೂ ಆಡುವ ಜೊತೆಗಾರರೂ ಇರುವವರು ಅಲ್ಲಿಗೇ ಹೋಗಲಿ. ಇಲ್ಲದವರು ಮೊಣಕಾಲು ಬಗ್ಗಿಸಿ, ಹೆಜ್ಜೆ ಹಾಕುತ್ತಾ, ಹೃದಯಬಡಿತ ನೋಡಿಕೊಂಡು ಹೆಡ್‌ಸೆಟ್‌ನಲ್ಲಿ ಆಡಲಿ. ಹಾಗೆ ಆಡಿದ ಅರ್ಧ ಗಂಟೆ ಮಧ್ಯಮ ಮಟ್ಟದ ವ್ಯಾಯಾಮವಾಗಿ ದೇಹಕ್ಕೆ ಸಲ್ಲುತ್ತದೆ.